2008ರ ಸ್ಪೇನ್ ತಂಡದಲ್ಲಿ ಸೆನ್ನಾ ಎಂಬುವರಿದ್ದರು

ಮಾನ್ಯರೆ,

ಸ್ಪೇನ್ ಫುಟ್‌ಬಾಲ್‌ನ ಸುವರ್ಣಕಾಲದ ಮಾತು ಬಂದಾಗಲೆಲ್ಲ ಕ್ರೀಡಾಪುಟಗಳಲ್ಲಿ ಚಾವಿ, ಇನಿಯೆಸ್ಟಾ, ಟೊರೆಸ್, ಕಸಿಯಾಸ್ ಕಾಣಿಸುತ್ತಾರೆ. ಕಾಣಿಸಲೇಬೇಕು. ಆದರೆ ಸ್ಪೇನ್ ಗೆದ್ದ 2008ರ ಯುರೋ ಕಪ್ ಬಗ್ಗೆ ಬರೆಯುವಾಗ ಮಿಡ್‌ಫೀಲ್ಡರ್ ಮಾರ್ಕೋಸ್ ಸೆನ್ನಾ ಹೆಸರು ಬಿಟ್ಟರೆ, ಆ ತಂಡ ಯಾವ ಬಲದ ಮೇಲೆ ನಿಂತಿತ್ತು ಎಂಬುದೇ ಓದುಗರಿಗೆ ತಿಳಿಯದೆ ಹೋಗುತ್ತದೆ.

ಇನಿಯೆಸ್ಟಾ, ಸಿಲ್ವಾ ಇಬ್ಬರೂ ಹೆಸರಿಗಷ್ಟೇ ಅಂಚಿನ ಆಟಗಾರರು. ಆಟ ಶುರುವಾದರೆ ಒಳಕ್ಕೆ ಸರಿದು ಚಾವಿ ಜೊತೆ ಸೇರುತ್ತಿದ್ದರು. ಖಾಲಿಯಾದ ಅಂಚಿಗೆ ಹಿಂದಿನಿಂದ ರಾಮೋಸ್, ಕಾಪ್‌ದೆವಿಲಾ ಏರುತ್ತಿದ್ದರು. ಚೆಂಡು ಎದುರಾಳಿಗೆ ಸಿಕ್ಕ ಕ್ಷಣದಲ್ಲಿ ಹಿಂದೆ ಇರುತ್ತಿದ್ದವರು ಪುಯೋಲ್, ಮಾರ್ಚೆನಾ. ಅವರ ಮುಂದೆ ಸೆನ್ನಾ ಒಬ್ಬರೇ.

ಆ ಜಾಗದಲ್ಲಿ ಆಡುವವನು ಚೆಂಡು ಹಿಡಿದವನ ಮೇಲೆ ನುಗ್ಗಿದರೆ ಒಂದೇ ಪಾಸ್‌ಗೆ ಆಟದಿಂದ ಹೊರಬೀಳುತ್ತಾನೆ, ಇಬ್ಬರು ಡಿಫೆಂಡರ್‌ಗಳು ಬಯಲಿಗೆ ಬೀಳುತ್ತಾರೆ. ಹೆದರಿ ಅವರ ಮಡಿಲಿಗೇ ಸರಿದರೆ ಪೆನಾಲ್ಟಿ ಆವರಣದ ಮುಂದಿನ ಜಾಗ ಖಾಲಿ, ಅಲ್ಲಿಂದ ಆರಾಮಾಗಿ ಒದೆಯಬಹುದು. ಸೆನ್ನಾ ಎರಡನ್ನೂ ಮಾಡುತ್ತಿರಲಿಲ್ಲ. ಎದುರಾಳಿಯ ಫಾರ್ವರ್ಡ್‌ಗೆ ಪಾಸ್ ಹೋಗುವ ದಾರಿಯಲ್ಲಿ ನಿಲ್ಲುತ್ತಿದ್ದರು. ರಾಮೋಸ್ ಏರಿದರೆ ನಾಲ್ಕು ಹೆಜ್ಜೆ ಬಲಕ್ಕೆ, ಕಾಪ್‌ದೆವಿಲಾ ಏರಿದರೆ ಎಡಕ್ಕೆ. ಚೆಂಡು ಸಿಕ್ಕ ಮೇಲೂ ಚಮತ್ಕಾರವಿಲ್ಲ: ಹತ್ತಿರದ ಚಾವಿಗೆ ಕೊಟ್ಟು ಮತ್ತೆ ಸ್ವಸ್ಥಾನ. ಇದು ಟಿವಿ ಮುಖ್ಯಾಂಶಗಳಲ್ಲಿ ಕಾಣುವ ಕೆಲಸವಲ್ಲ, ಪೂರ್ತಿ ಪಂದ್ಯ ನೋಡಬೇಕು.

ಗುಂಪು ಹಂತದಲ್ಲಿ ಮೂರು ಗೋಲು ಬಿಟ್ಟುಕೊಟ್ಟ ಸ್ಪೇನ್, ನಾಕೌಟ್‌ನ ಮೂರು ಪಂದ್ಯಗಳಲ್ಲಿ ಒಂದನ್ನೂ ಬಿಡಲಿಲ್ಲ. ಕ್ವಾರ್ಟರ್ ಫೈನಲ್‌ನಲ್ಲಿ ಇಟಲಿ ವಿರುದ್ಧ ಸೆನ್ನಾ ದೂರದಿಂದ ಒದ್ದ ಚೆಂಡು ಗೋಲ್‌ಕೀಪರ್ ಬುಫಾನ್ ಕೈಯಿಂದ ಜಾರಿ ಕಂಬಕ್ಕೆ ಬಡಿದು ಹೊರಗುಳಿಯಿತು. ಬಳಿಕ ಪೆನಾಲ್ಟಿ ಶೂಟೌಟ್‌ನಲ್ಲಿ ಮೂರನೆಯ ಒದೆತ ಅವರದೇ, ಗೋಲು. ಜರ್ಮನಿ ಎದುರಿನ ಫೈನಲ್‌ನಲ್ಲಿ, ಫಾರ್ವರ್ಡ್ ವಿಯಾ ಗಾಯಗೊಂಡಿದ್ದರಿಂದ, ಕೋಚ್ ಅರಾಗೊನೆಸ್ ತಂಡವನ್ನು 4-1-4-1ರಲ್ಲಿ ಇಳಿಸಿದರು. ನಾಲ್ವರು ಡಿಫೆಂಡರ್‌ಗಳ ಮುಂದಿನ ಆ ‘1’ ಸೆನ್ನಾ. ಟೂರ್ನಿಯ ಅಧಿಕೃತ ಶ್ರೇಷ್ಠ ತಂಡದಲ್ಲೂ ಅವರಿಗೆ ಜಾಗ ಸಿಕ್ಕಿತು.

ಹೆಸರು ಮರೆಯಾಗಲು ಕಾರಣಗಳಿವೆ. ಅವರು ಹುಟ್ಟಿದ್ದು 1976ರಲ್ಲಿ, ಬ್ರೆಜಿಲ್‌ನ ಸಾವೊ ಪೌಲೊದಲ್ಲಿ. ಸ್ಪೇನ್ ಪೌರತ್ವ ಪಡೆದು 2006ರಲ್ಲಿ ರಾಷ್ಟ್ರೀಯ ತಂಡ ಸೇರುವಾಗಲೇ ವಯಸ್ಸು 29. ಒಟ್ಟು ಪಂದ್ಯ 28, ಗೋಲು ಒಂದು. ಆಡಿದ್ದು ಬಾರ್ಸಿಲೋನಾಕ್ಕೂ ಅಲ್ಲ, ರಿಯಲ್ ಮ್ಯಾಡ್ರಿಡ್‌ಗೂ ಅಲ್ಲ. ಸುಮಾರು 50 ಸಾವಿರ ಜನರ ಊರಿನ ವಿಯಾರಿಯಲ್ ಕ್ಲಬ್‌ಗೆ, 2002ರಿಂದ 2013ರವರೆಗೆ. 2006ರಲ್ಲಿ ಆ ಕ್ಲಬ್ ಚಾಂಪಿಯನ್ಸ್ ಲೀಗ್ ಸೆಮಿಫೈನಲ್‌ವರೆಗೆ ಹೋಗಿ ಆರ್ಸೆನಲ್‌ಗೆ ಒಂದೇ ಗೋಲಿನಿಂದ ಸೋತಿತು. ಕೊನೆಗಳಿಗೆಯಲ್ಲಿ ವಿಯಾರಿಯಲ್‌ನ ರಿಕೆಲ್ಮೆ ಪೆನಾಲ್ಟಿಯನ್ನು ಆರ್ಸೆನಲ್ ಗೋಲ್‌ಕೀಪರ್ ಲೇಮನ್ ತಡೆದದ್ದು ಹಲವರಿಗೆ ನೆನಪಿರಬಹುದು. 2007-08ರ ಸ್ಪೇನ್ ಲೀಗ್‌ನಲ್ಲಿ ಎರಡನೆಯ ಸ್ಥಾನ. 2012ರಲ್ಲಿ ಎರಡನೇ ದರ್ಜೆಗೆ ಕುಸಿದಾಗ, 35 ದಾಟಿದ್ದ ಸೆನ್ನಾ ಬಿಟ್ಟುಹೋಗಲಿಲ್ಲ. ಮರುವರ್ಷ ತಂಡ ಮೇಲೇರಿದ ಮೇಲೆಯೇ ನ್ಯೂಯಾರ್ಕ್ ಕಾಸ್ಮೋಸ್‌ಗೆ ಹೊರಟರು. 2015ರಲ್ಲಿ ಆಟ ನಿಲ್ಲಿಸಿದರು.

2010ರ ವಿಶ್ವಕಪ್ ಗೆದ್ದ ತಂಡದಲ್ಲಿ ಅವರಿಲ್ಲ. ಅಲ್ಲಿ ಕೋಚ್ ದೆಲ್ ಬೊಸ್ಕೆ ಡಿಫೆನ್ಸ್ ಮುಂದೆ ಬುಸ್ಕೆಟ್ಸ್ ಜೊತೆಗೆ ಚಾಬಿ ಅಲೊನ್ಸೊ ಅವರನ್ನೂ ನಿಲ್ಲಿಸಿದರು. ಮೊದಲ ಪಂದ್ಯ ಸ್ವಿಟ್ಜರ್ಲೆಂಡ್‌ಗೆ ಸೋತು ಟೀಕೆ ಕೇಳಿದರೂ ಆ ಜೋಡಿಯನ್ನು ಒಡೆಯಲಿಲ್ಲ. ಅದಕ್ಕೆ ಎರಡು ವರ್ಷ ಹಿಂದೆ ಸೆನ್ನಾ ಒಬ್ಬರೇ ಕಾಯ್ದ ಜಾಗವದು.

– ಒಬ್ಬ ಓದುಗ