ಪಟ್ಟ ಪಾಡನ್ನು ಬರೆಯಿರಿ

ಪ್ರಿಯ ಗೆಳೆಯ,

ನಿಮ್ಮ ಕಥೆ ಓದಿದೆ. ನಾಯಕನ ಸ್ವಭಾವ ಹೇಳುವಾಗ ‘ಪ್ಯಾಥಮ್ಯಾಟಿಕ್’ ಅಂತ ಒಂದು ಪದ ಹಾಕಿದ್ದೀರಿ. ಇಂಗ್ಲಿಷಿನಲ್ಲೂ ಅಪರೂಪಕ್ಕೆ ಕಾಣುವ ಪದ ಅದು. ಭಾವನೆಗೆ ಸಂಬಂಧಪಟ್ಟದ್ದು, ಅಷ್ಟೇ ಅದರ ಅರ್ಥ. ಕಥೆಗೆ ಅದು ಬೇಡ. ಆದರೆ ಅದರ ಬೇರು ನಿಮ್ಮ ಕೆಲಸಕ್ಕೆ ಬರುತ್ತದೆ.

ಗ್ರೀಕಿನಲ್ಲಿ ‘ಪಾಸ್ಖೆಯಿನ್’ ಎಂಬ ಕ್ರಿಯಾಪದವಿದೆ. ಹೆಚ್ಚುಕಮ್ಮಿ ನಮ್ಮ ‘ಪಡು’. ದುಃಖಪಡು, ಭಯಪಡು ಅನ್ನುತ್ತೇವೆ, ಸಂತೋಷಪಡು ಅಂತಲೂ ಅನ್ನುತ್ತೇವೆ, ಅಲ್ವಾ? ಅವರೂ ಒಳ್ಳೆಯದು, ಕೆಟ್ಟದ್ದು ಎರಡಕ್ಕೂ ಬಳಸುತ್ತಿದ್ದರು, ಕೆಟ್ಟದ್ದಕ್ಕೇ ಜಾಸ್ತಿ. ಪಟ್ಟ ಪಾಡು ‘ಪಾಥೇಮ’. ಅದರಿಂದ ‘ಪಾಥೇಮಾಟಿಕೋಸ್’, ಅದರಿಂದ ನಿಮ್ಮ ಪದ. ಸಿಂಪಥಿ, ಆಸ್ಪತ್ರೆಯ ಪ್ಯಾಥಾಲಜಿ ಕೂಡ ಇದೇ ಬಳಗ. ಅರಿಸ್ಟಾಟಲ್ ದುರಂತ ನಾಟಕದ ಲಕ್ಷಣ ಹೇಳುವಾಗಲೂ ‘ಪಾಥೇಮ’ಗಳ ಕಥಾರ್ಸಿಸ್, ಅಂದರೆ ಶುದ್ಧಿ, ಎಂದೇ ಹೇಳುತ್ತಾನೆ. (ಆ ವಾಕ್ಯದ ಮೇಲೆ ವಿದ್ವಾಂಸರ ಜಗಳ ಇನ್ನೂ ಮುಗಿದಿಲ್ಲ. ನಾವು ಆ ಕಡೆ ಹೋಗುವುದು ಬೇಡ.)

ಗ್ರೀಕರ ಲೆಕ್ಕದಲ್ಲಿ ಭಾವನೆ ಎಂದರೆ ಮನುಷ್ಯನಿಗೆ ಬಂದು ಬಡಿದದ್ದು. ನಿಮ್ಮ ಕಥೆಯಲ್ಲಿ ಆ ಪೆಟ್ಟೇ ಕಾಣುವುದಿಲ್ಲ. ‘ಅವನ ಮನಸ್ಸು ತಲ್ಲಣಿಸಿತು’ ಅಂತ ಮಾತ್ರ ಬರುತ್ತದೆ, ಒಂದೇ ಪುಟದಲ್ಲಿ ಎರಡು ಸಲ.

ಗ್ರೀಕ್ ಇತಿಹಾಸಕಾರ ಹೆರೊಡೊಟಸ್ ಹೇಳುವ ಒಂದು ಪ್ರಸಂಗ ನೋಡಿ. ಕ್ರಿ.ಪೂ. 525ರಲ್ಲಿ ಪರ್ಷಿಯದ ಕ್ಯಾಂಬೈಸಿಸ್ ಈಜಿಪ್ಟನ್ನು ಗೆದ್ದ. ಸೋತ ರಾಜ ಸಮೆನಿಟಸ್‌ನನ್ನು ಊರಾಚೆ ಕೂರಿಸಿದರು. ಅವನ ಮಗಳು ದಾಸಿಯ ಬಟ್ಟೆಯಲ್ಲಿ, ಕೊಡ ಹಿಡಿದು ನೀರಿಗೆ ಹೋದಳು. ರಾಜ ತಲೆ ತಗ್ಗಿಸಿದ. ಮಗನನ್ನು ಕೊಲ್ಲಲು ಕರೆದೊಯ್ದರು. ಕೊರಳಲ್ಲಿ ಹಗ್ಗ, ಬಾಯಲ್ಲಿ ಕಡಿವಾಣ. ಆಗಲೂ ಅಷ್ಟೇ. ಆಮೇಲೆ, ಹಿಂದೆ ಜೊತೆಯಲ್ಲಿ ಕೂತು ಕುಡಿಯುತ್ತಿದ್ದ ಮುದುಕನೊಬ್ಬ ಸೈನಿಕರ ಹತ್ತಿರ ಭಿಕ್ಷೆ ಬೇಡುತ್ತಾ ಬಂದ. ರಾಜ ಅವನ ಹೆಸರು ಕೂಗಿ, ತಲೆ ಚಚ್ಚಿಕೊಂಡು ಅತ್ತ. ಯಾಕೆಂದು ಕೇಳಿದರೆ, ಮನೆಯವರ ಸಂಕಟ ಅಳುವಿಗೂ ಮೀರಿದ್ದು, ಗೆಳೆಯನ ಪಾಡಿಗೆ ಕಣ್ಣೀರು ಸಲ್ಲುತ್ತದೆ ಅಂದನಂತೆ. ಆ ಕೊಡ, ಹಗ್ಗ, ಕಡಿವಾಣ ಇಲ್ಲದಿದ್ದರೆ ಈ ಮಾತು ಸುಮ್ನೆ ಡೈಲಾಗು.

ಮೂರನೇ ಪುಟ ಮತ್ತೆ ಬರೆದು ಕಳಿಸಿ. ತಂಗಿ ಮನೆ ಬಿಟ್ಟ ದಿನ ನಾಯಕ ಏನು ಕಂಡ, ಯಾರ ಹತ್ತಿರ ಏನು ಅಂದ, ಅದು ಬೇಕು. ‘ಪ್ಯಾಥಮ್ಯಾಟಿಕ್’ ಬಿಡಲು ಮನಸ್ಸಾಗದಿದ್ದರೆ, ನಿಮ್ಮ ಕಥೆಯಲ್ಲಿ ಮಾತುಮಾತಿಗೂ ಪಾಂಡಿತ್ಯ ತೋರಿಸುವ ಮೇಷ್ಟ್ರಿದ್ದಾರಲ್ಲ, ಅವರ ಬಾಯಿಗೆ ಹಾಕಿ. ಅವರಿಗೆ ಚೆನ್ನಾಗಿ ಒಪ್ಪುತ್ತದೆ.