ಕಟ್‌ಗಳೇ ಇಲ್ಲದಿದ್ದರೆ ಎಡಿಟರ್ ಏನು ಮಾಡುತ್ತಾರೆ?

ಪ್ರೀತಿಯ ಪುಟ್ಟಿ,

ಶಾಟ್‌ಗಳೇ (ಅಂದರೆ ಎಲ್ಲೂ ಕತ್ತರಿಸದೆ ಒಂದೇ ಸಲಕ್ಕೆ ತೆಗೆದ ತುಣುಕುಗಳೇ) ಕಡಿಮೆ ಇರುವ ಸಿನಿಮಾದಲ್ಲಿ ಎಡಿಟರ್‌ಗೆ ಏನು ಕೆಲಸ ಅಂತ ಫೋನಿನಲ್ಲಿ ಕೇಳಿದೆಯಲ್ಲ, ಅದಕ್ಕೆ ಎರಡು ಮಾತಲ್ಲಿ ಉತ್ತರ ಕೊಡೋಕೆ ಆಗಲ್ಲ. ಆಗ್ನೆಶ್ ಹ್ರಾನಿಟ್ಸ್ಕಿ ಬಗ್ಗೆ ಹೇಳಬೇಕು.

ಇವರು ಹಂಗೇರಿಯವರು, 1945ರಲ್ಲಿ ಹುಟ್ಟಿದವರು. 1980ರ ದಶಕದ ಶುರುವಿನಿಂದ ನಿರ್ದೇಶಕ ಬೇಲಾ ತಾರ್ ಸಿನಿಮಾಗಳಿಗೆ ಎಡಿಟರ್ ಆಗಿದ್ದರು. ಏಳು ಗಂಟೆಗೂ ಜಾಸ್ತಿ ಓಡುವ ‘ಶಾತಾನ್‌ತಾಂಗೋ’ (1994) ಕೂಡ ಇವರ ಕೈಯಲ್ಲೇ ರೂಪುಗೊಂಡಿದ್ದು. 2000ದಲ್ಲಿ ಬಂದ ‘ವೆರ್ಕ್‌ಮೈಸ್ಟರ್ ಹಾರ್ಮನೀಸ್’ ಹೆಚ್ಚುಕಡಿಮೆ ಎರಡೂವರೆ ಗಂಟೆಯ ಸಿನಿಮಾ. ಅದರಲ್ಲಿರುವುದು 39 ಶಾಟ್ ಅಷ್ಟೇ.

ಅದರ ಮೊದಲ ಶಾಟ್ ನೋಡು. ಬಾರ್ ಮುಚ್ಚುವ ಹೊತ್ತು. ಯಾನೋಶ್ ಎಂಬ ಯುವಕ ಕುಡುಕರಲ್ಲಿ ಒಬ್ಬನನ್ನು ಸೂರ್ಯ ಮಾಡುತ್ತಾನೆ, ಒಬ್ಬನನ್ನು ಭೂಮಿ, ಇನ್ನೊಬ್ಬನನ್ನು ಚಂದ್ರ. ಅವರು ತೂರಾಡುತ್ತಾ ಸುತ್ತುತ್ತಾರೆ. ಗ್ರಹಣ ಹಿಡಿಯುತ್ತದೆ, ಎಲ್ಲ ನಿಲ್ಲುತ್ತದೆ. ಆಮೇಲೆ ಮತ್ತೆ ಬೆಳಕು, ಮತ್ತೆ ಸುತ್ತಾಟ. ಸುಮಾರು ಹತ್ತು ನಿಮಿಷ, ಒಂದೂ ಕಟ್ ಇಲ್ಲ. ಮಧ್ಯೆ ಯಾರದೋ ಮುಖಕ್ಕೆ ಕಟ್ ಮಾಡಿದ್ದರೆ ನಾವು ಬರೀ ನೋಡುವವರಾಗುತ್ತಿದ್ದೆವು. ಈಗ ನಾವೂ ಆ ಕೋಣೆಯೊಳಗೇ ಇದ್ದೇವೆ, ಗ್ರಹಣ ಬಿಡಲಿ ಅಂತ ಕಾಯುತ್ತಾ.

ಇಂಥ ಶಾಟ್‌ನಲ್ಲಿ ಕ್ಯಾಮೆರಾ ಯಾವಾಗ ಯಾರ ಕಡೆ ತಿರುಗಬೇಕು, ಎಷ್ಟು ಹೊತ್ತು ನಿಲ್ಲಬೇಕು ಅನ್ನುವುದೇ ಎಡಿಟಿಂಗ್. ಅದನ್ನು ಆಮೇಲೆ ಟೇಬಲ್ ಮುಂದೆ ಕೂತು ಸರಿಮಾಡೋಕೆ ಬರುವುದಿಲ್ಲ. 35 ಎಂಎಂ ಫಿಲ್ಮ್ ರೋಲ್ ಒಂದು ಹನ್ನೊಂದು ನಿಮಿಷಕ್ಕೆ ಮುಗಿಯುತ್ತದೆ. ಒಂಬತ್ತನೇ ನಿಮಿಷದಲ್ಲಿ ತಪ್ಪಾದರೆ ಮತ್ತೆ ಮೊದಲಿಂದ. ಹಾಗಾಗಿ ಹ್ರಾನಿಟ್ಸ್ಕಿ ಶೂಟಿಂಗ್ ನಡೆಯುವಾಗ ಸೆಟ್‌ನಲ್ಲೇ ಇರುತ್ತಿದ್ದರು. ಈ ಸಿನಿಮಾದಿಂದ ಸಹ ನಿರ್ದೇಶಕಿ ಅಂತಲೂ ಅವರ ಹೆಸರು ಬಂತು. ‘ದಿ ಮ್ಯಾನ್ ಫ್ರಮ್ ಲಂಡನ್’ (2007), ‘ದಿ ಟ್ಯೂರಿನ್ ಹಾರ್ಸ್’ (2011) ಕೂಡ ಹಾಗೆಯೇ. ಕೊನೆಯದಕ್ಕೆ ಬರ್ಲಿನ್ ಚಿತ್ರೋತ್ಸವದಲ್ಲಿ ಜ್ಯೂರಿ ಗ್ರ್ಯಾಂಡ್ ಪ್ರಿಕ್ಸ್ ಸಿಕ್ಕಿತು.

ಆ ಕೊನೆಯದು ನನಗೆ ತುಂಬಾ ಹತ್ತಿರ. ಒಬ್ಬ ಅಪ್ಪ, ಒಬ್ಬಳು ಮಗಳು, ಒಂದು ಕುದುರೆ, ಬಿಡದೆ ಬೀಸುವ ಗಾಳಿ. ಅಪ್ಪನ ಬಲಗೈಗೆ ಸ್ವಾಧೀನವಿಲ್ಲ, ಬಟ್ಟೆ ಹಾಕುವುದು ಮಗಳೇ. ದಿನಾ ಊಟಕ್ಕೆ ಬೇಯಿಸಿದ ಆಲೂಗಡ್ಡೆ. ಮೊದಲ ದಿನ ಕ್ಯಾಮೆರಾ ಅಪ್ಪ ತಿನ್ನುವುದನ್ನು ನೋಡುತ್ತದೆ, ಎರಡನೇ ದಿನ ಮಗಳನ್ನು, ಮೂರನೇ ದಿನ ಇಬ್ಬರನ್ನೂ. ಊಟ ಅದೇ, ಆದರೂ ನೋಡುವ ನಮಗೆ ಪ್ರತಿ ಸಲ ಬೇರೆಯೇ. ಇಷ್ಟೆಲ್ಲ ಆದಮೇಲೂ ಬರೆಯುವವರು ಬರೀ ‘ತಾರ್ ಸಿನಿಮಾ’ ಅಂತ ಬರೆದು ಮುಗಿಸಿದಾಗ ನನಗೆ ನಿಜಕ್ಕೂ ಬೇಜಾರಾಗುತ್ತದೆ. ಅರ್ಧ ಹೆಸರು ಬಿಟ್ಟಂತೆ ಅಲ್ವಾ?

ನಿಮ್ಮ ಕಿರುಚಿತ್ರದ ಶೂಟಿಂಗ್ ಮುಂದಿನ ತಿಂಗಳು ಅಂದೆಯಲ್ಲ. ಫುಟೇಜ್ ಬರಲಿ ಅಂತ ಸುಮ್ನೆ ರೂಮಿನಲ್ಲಿ ಕೂರಬೇಡ ಕಣೇ. ರಿಹರ್ಸಲ್‌ನಿಂದಲೇ ಹೋಗು. ಎಡಿಟರ್‌ಗೆ ಇಲ್ಲೇನು ಕೆಲಸ ಅಂತ ಯಾರಾದರೂ ಕೇಳಿದರೆ, ಆ ಬಾರ್ ಶಾಟ್ ತೋರಿಸು.

ನಿನ್ನ ಅಮ್ಮ