ಮೊದಲು ಹೆಡ್‌ಫೋನ್ ತಗೋ

ಪ್ರೀತಿಯ ಪುಟ್ಟಿ,

ಮೊದಲ ಸಾಕ್ಷ್ಯಚಿತ್ರಕ್ಕೆ ಕ್ಯಾಮೆರಾ ಹಿಡಿಯಲು ಹೊರಟಿದ್ದೀಯ ಅಂತ ನಿಮ್ಮಮ್ಮ ಹೇಳಿದಳು. ತುಂಬಾ ಖುಷಿಯಾಯಿತು. ಯಾವ ಲೆನ್ಸ್ ಕೊಳ್ಳಲಿ ಅಂತ ಕೇಳಿದ್ದೀಯ. ಅದನ್ನು ಆಮೇಲೆ ಹೇಳುತ್ತೇನೆ. ಮೊದಲು ಒಂದು ಒಳ್ಳೆಯ ಹೆಡ್‌ಫೋನ್ ತಗೋ.

ನಗಬೇಡ. ಕಥಾಚಿತ್ರದ ಛಾಯಾಗ್ರಾಹಕನಿಗೆ ಮುಂದೇನು ಅಂತ ಮೊದಲೇ ಗೊತ್ತಿರುತ್ತದೆ. ಸ್ಕ್ರಿಪ್ಟ್ ಇದೆ, ರಿಹರ್ಸಲ್ ಆಗಿದೆ, ತಪ್ಪಿದರೆ ಇನ್ನೊಂದು ಟೇಕ್ ಇದೆ. ನಿನಗೆ ಇದ್ಯಾವುದೂ ಇಲ್ಲ. ಅಕ್ಕತಂಗಿ ಇಬ್ಬರು ಆಸ್ತಿ ವಿಷಯಕ್ಕೆ ಜಗಳವಾಡುತ್ತಿದ್ದಾರೆ ಅಂದುಕೋ. ನಿರ್ದೇಶಕರು ಹಿಂದೆಲ್ಲೋ ನಿಂತಿರುತ್ತಾರೆ. ‘ಅಕ್ಕನ ಕಡೆ ತಿರುಗಿಸು’ ಅಂತ ಅವರು ಕೂಗುವ ಹಾಗಿಲ್ಲ. ಯಾರ ಮುಖ ಬೇಕು, ಎಷ್ಟು ಹೊತ್ತು ಬೇಕು, ಎಲ್ಲ ನಿನ್ನದೇ ತೀರ್ಮಾನ. ಸುಮಾರು ಜನ ಮಾತಾಡುವವರ ಬಾಯಿ ಹಿಂದೆಯೇ ಕ್ಯಾಮೆರಾ ಓಡಿಸುತ್ತಾರೆ. ಅಲ್ಲಿಗೆ ತಲುಪುವಷ್ಟರಲ್ಲಿ ಮಾತೇ ಮುಗಿದಿರುತ್ತದೆ. ಕಿವಿಗೊಟ್ಟು ಕೇಳುತ್ತಿದ್ದರೆ, ತಂಗಿಯ ಈ ಮಾತು ಅಕ್ಕನಿಗೆ ಎಲ್ಲಿ ತಾಗುತ್ತದೆ ಅಂತ ಒಂದು ಗಳಿಗೆ ಮೊದಲೇ ಹೊಳೆಯುತ್ತದೆ. ಕ್ಯಾಮೆರಾ ಆಗ ಅಕ್ಕನ ಮೇಲಿರಬೇಕು. ಮಾತು ಹೇಗೂ ಮೈಕ್‌ಗೆ ಸಿಕ್ಕಿರುತ್ತದಲ್ವಾ?

ಶೂಟಿಂಗ್ ಹಿಂದಿನ ದಿನವೇ ನಿರ್ದೇಶಕರ ಜೊತೆ ಕೂತು ಮಾತಾಡು. ಈ ಚಿತ್ರ ಯಾರ ಕಥೆ, ಆ ವ್ಯಕ್ತಿಗೆ ಏನು ಬೇಕಾಗಿದೆ ಅಂತ ಕೇಳು. ಇದು ಗೊತ್ತಿಲ್ಲದೆ ಹೋದರೆ ಬರೀ ಚೆಂದದ ಬೆಳಕು ಹುಡುಕುತ್ತಾ ತಿರುಗುತ್ತೀಯ.

ನಾನು ಕಲಿತದ್ದು 16 ಎಂಎಂ ಫಿಲ್ಮಿನಲ್ಲಿ. ಕ್ಯಾಮೆರಾಗೆ ಹಾಕುವ ಫಿಲ್ಮ್ ಡಬ್ಬಿ, ಅಂದರೆ ಮ್ಯಾಗಜಿನ್, 400 ಅಡಿಯದ್ದು; ಸೆಕೆಂಡಿಗೆ 24 ಫ್ರೇಮ್ ವೇಗದಲ್ಲಿ ಸುಮಾರು 11 ನಿಮಿಷಕ್ಕೆ ಖಾಲಿ. ನಿಮ್ಮ ಮೆಮೊರಿ ಕಾರ್ಡ್ ಗಂಟೆಗಟ್ಟಲೆ ಓಡುತ್ತದೆ. ಆದರೂ ನಿಮ್ಮ ವಯಸ್ಸಿನವರ ಶಾಟ್‌ಗಳು ಮೂರು ಸೆಕೆಂಡಿಗೇ ಪಕ್ಕಕ್ಕೆ ಜಾರುವುದು ಯಾಕೋ ನನಗೆ ಅರ್ಥವಾಗಿಲ್ಲ! ಒಂದು ಫ್ರೇಮ್ ಹಿಡಿದರೆ ಹತ್ತು ಸೆಕೆಂಡಾದರೂ ಹಾಗೇ ಬಿಡು. ಮಾತು ನಿಂತ ಕೂಡಲೇ ಬಟನ್ ಒತ್ತಬೇಡ. ಹೇಳಬೇಕಾದ್ದನ್ನು ಜನ ಎಷ್ಟೋ ಸಲ ಸುಮ್ಮನಾದ ಮೇಲೆ ಹೇಳುತ್ತಾರೆ.

ನನ್ನ ಒಂದು ತಪ್ಪು ಹೇಳಿಬಿಡುತ್ತೇನೆ. ಒಬ್ಬ ಅಜ್ಜ ತೀರಿಹೋದ ಮಗನ ಬಗ್ಗೆ ಹೇಳುತ್ತಿದ್ದರು. ಕಣ್ಣು ತುಂಬಿ ಬಂತು. ನಾನು ಝೂಮ್ ಮಾಡಿದೆ. ಲೆನ್ಸ್ ಮೇಲೆ ನನ್ನ ಕೈ ತಿರುಗಿದ್ದು ಅವರಿಗೆ ಕಾಣಿಸಿತು. ಅಂಗೈಯಿಂದ ಮುಖ ಒರೆಸಿಕೊಂಡು, ‘ಇಷ್ಟು ಸಾಕಾ?’ ಅಂದರು. ಆಮೇಲೆ ಮಗನ ಹೆಸರೇ ಎತ್ತಲಿಲ್ಲ. ಕೈ ಆಡಿಸದೆ ಕೂತಿದ್ದರೆ ಸಾಕಿತ್ತು.

ಈಗ ನಿನ್ನ ಲೆನ್ಸ್. 1950ರ ದಶಕದ ಕೊನೆಗೆ ಕೆನಡಾದ ಛಾಯಾಗ್ರಾಹಕ ಮಿಷೆಲ್ ಬ್ರೋ, ದೂರದ್ದನ್ನು ಹತ್ತಿರ ತೋರಿಸುವ ಟೆಲಿ ಲೆನ್ಸಲ್ಲಿ ದೂರದಿಂದ ಹಿಡಿಯುವುದು ಬಿಟ್ಟರು. ಅಗಲವಾದ ನೋಟ ಹಿಡಿಯುವ ವೈಡ್ ಲೆನ್ಸ್ ಹಾಕಿ, ಕ್ಯಾಮೆರಾ ಹೊತ್ತುಕೊಂಡು ಜನರ ಮಧ್ಯಕ್ಕೇ ನಡೆದರು. ವೈಡ್‌ನಲ್ಲಿ ಕೈ ನಡುಕ ಕಡಿಮೆ ಕಾಣುತ್ತದೆ, ಫೋಕಸ್ ಕಾಟವೂ ಕಡಿಮೆ. ಆದರೆ ಹತ್ತಿರ ಹೋಗಲೇಬೇಕು. ಕದ್ದು ಹಿಡಿಯಲು ಆಗುವುದಿಲ್ಲ. ನನಗೆ ಹಿಡಿಸಿದ್ದೇ ಅದು. ಹಾಗಾಗಿ ವೈಡ್‌ನಿಂದ ಶುರುವಾಗುವ ಒಂದೇ ಝೂಮ್ ಲೆನ್ಸ್ ಸಾಕು. ಅದನ್ನೂ ಈಗಲೇ ಕೊಳ್ಳಬೇಡ, ಬಾಡಿಗೆಗೆ ತಗೋ.

ಸಣ್ಣಪುಟ್ಟದ್ದು ಎರಡಿವೆ. ವ್ಯೂಫೈಂಡರ್‌ಗೆ ಒಂದು ಕಣ್ಣು ಕೊಟ್ಟಾಗ ಇನ್ನೊಂದು ತೆರೆದೇ ಇರಲಿ. ಫ್ರೇಮಿನಾಚೆಯಿಂದ ಯಾರು ಬರುತ್ತಿದ್ದಾರೆ ಅಂತ ಗೊತ್ತಾಗುತ್ತದೆ. 50 ಹರ್ಟ್ಸ್ ವಿದ್ಯುತ್ ಇರುವ ಕಡೆ ಟ್ಯೂಬ್‌ಲೈಟ್ ಕೆಳಗೆ ಶಟರ್ ವೇಗ 1/50 ಅಥವಾ 1/100 ಸೆಕೆಂಡಿನಲ್ಲಿಡು, ಇಲ್ಲದಿದ್ದರೆ ಚಿತ್ರ ಮಿಣುಕಬಹುದು.

ಮೊದಲ ದಿನದ ಫೂಟೇಜ್ ಕತ್ತರಿಸದೆ ಕಳಿಸು. ಎಡಿಟ್ ಮಾಡಿದ್ದು ಬೇಡ, ಹಾಳಾದ ಶಾಟ್‌ಗಳೂ ಇರಲಿ.

ನಿನ್ನ ಸೋದರಮಾವ